ಹನ್ನೆರಡು ಗಂಟೆಯ ಸದ್ದು

ಧರಣಿಯ ಮೂವತ್ತೊಂದನೇ ದಿನ, ಎರಡು ವಾರ ಕೂತು ಹೊಂದಿಸಿದ ಕಿವಿ ಮಷೀನನ್ನು ಹಾಕಿಕೊಂಡು ನಗುನಗುತ್ತಾ ಹೊರಟ ಮುದುಕಿ, ಅಂಗಡಿಯ ಬಾಗಿಲು ದಾಟಿ ನಾಲ್ಕು ಹೆಜ್ಜೆ ಇಡುವಷ್ಟರಲ್ಲಿ ಎರಡೂ ಕೈಯಿಂದ ಕಿವಿ ಮುಚ್ಚಿಕೊಂಡು ಫುಟ್‌ಪಾತಿನ ಮೇಲೆ ಕುಸಿದು ಕೂತಳು. ಗಂಟೆ ಹನ್ನೆರಡಾಗಿತ್ತು. ಅರವತ್ತನಾಲ್ಕು ಜನ ಒಟ್ಟಿಗೆ ಎದ್ದು ನಿಂತು ಸ್ಟೀಲ್ ತಟ್ಟೆಗೆ ಚಮಚ ಬಡಿಯುತ್ತಿದ್ದರು. ಆರು ವರ್ಷದಿಂದ ಸರಿಯಾಗಿ ಏನೂ ಕೇಳಿಸಿಕೊಳ್ಳದಿದ್ದ ಕಿವಿಗೆ ಮೊದಲು ಬಿದ್ದ ಸದ್ದು ಅದು.

ಅಂಗಡಿಯವನು ಓಡಿಹೋಗಿ ಅವಳನ್ನು ಎತ್ತಿ ಒಳಗೆ ಕೂರಿಸಿದ. ನೀರು ಕೊಟ್ಟ. ಮಷೀನಿನ ಜೋರು ಕಡಿಮೆ ಮಾಡಬಹುದು, ಅಭ್ಯಾಸವಾಗುತ್ತದೆ, ಇದು ಬರೀ ಐದು ನಿಮಿಷದ ಗಲಾಟೆ ಎಂದೆಲ್ಲ ಹೇಳಿದ. ಮುದುಕಿಯ ಸೊಸೆ ಅದನ್ನೆಲ್ಲ ಕೇಳಿಸಿಕೊಂಡು, ಮಷೀನನ್ನು ಡಬ್ಬಿಗೆ ಹಾಕಿ ಮೇಜಿನ ಮೇಲಿಟ್ಟಳು.

"ಇದು ನಮಗೆ ಬೇಡ ಡಾಕ್ಟ್ರೇ. ಕೇಳಿಸದೇ ಇದ್ದಾಗ ನಮ್ಮತ್ತೆ ನೆಮ್ಮದಿಯಾಗೇ ಇದ್ರು."

ಅವನು ಡಾಕ್ಟರಲ್ಲ. ಕಿವಿ ಪರೀಕ್ಷೆ ಮಾಡಿ ಮಷೀನು ಹೊಂದಿಸಿ ಕೊಡುವವನು. ಇಪ್ಪತ್ತೆರಡು ವರ್ಷದಿಂದ ಅದೇ ಬೀದಿಯ ಅದೇ ಅಂಗಡಿಯಲ್ಲಿ ಕೂತು ಜನರ ಬಾಯಲ್ಲಿ ಕಿವಿ ಡಾಕ್ಟರಾಗಿದ್ದ. ಎದುರಿಗೆ ನೀರು ಸರಬರಾಜು ಕಚೇರಿ. ಮನೆಮನೆಗೆ ಹೋಗಿ ನೀರಿನ ಮೀಟರು ಓದಿ ಬರೆದುಕೊಳ್ಳುತ್ತಿದ್ದ ಅರವತ್ತನಾಲ್ಕು ಜನರನ್ನು ಆ ಕಚೇರಿ ಒಂದೇ ಪತ್ರದಲ್ಲಿ ಮನೆಗೆ ಕಳಿಸಿತ್ತು. ಇನ್ನು ಮುಂದೆ ಮೀಟರುಗಳು ತಮ್ಮ ಲೆಕ್ಕವನ್ನು ತಾವೇ ಕಳಿಸುತ್ತವಂತೆ. ಕೆಲಸ ಹೋದವರು ಕೋರ್ಟಿನಿಂದ ಅನುಮತಿ ತಂದು ಧರಣಿ ಕೂತರು. ಕಚೇರಿಯ ಮುಂದೆ ಗಾಡಿಗಳು ಓಡಾಡುವ ಗೇಟು, ಅಲ್ಲಿ ಕೂರಲು ಜಾಗವಿಲ್ಲ. ಹಾಗಾಗಿ ಎದುರು ಬದಿಯ ಫುಟ್‌ಪಾತು ತೋರಿಸಿದರು. ಆ ಫುಟ್‌ಪಾತು ಅವನ ಅಂಗಡಿಯ ಮುಂದಿನದು. ಕೆಲಸದಿಂದ ತೆಗೆದವರು ಕಿಟಕಿ ಮುಚ್ಚಿಕೊಂಡು ತಣ್ಣಗೆ ಕೂತಿದ್ದರು. ಯಾರನ್ನೂ ಯಾವತ್ತೂ ಕೆಲಸದಿಂದ ತೆಗೆಯದ ಅವನು ದಿನವಿಡೀ ಘೋಷಣೆ ಕೇಳಬೇಕಾಗಿತ್ತು.

ಅವರು ಪುಂಡರಾಗಿದ್ದರೆ ಅವನಿಗೆ ಅಷ್ಟು ಸಿಟ್ಟು ಬರುತ್ತಿರಲಿಲ್ಲವೇನೋ. ಬೆಳಗ್ಗೆ ಹತ್ತಕ್ಕೆ ಬರುತ್ತಿದ್ದರು, ಸಂಜೆ ಐದಕ್ಕೆ ಏಳುತ್ತಿದ್ದರು. ಕೂತ ಜಾಗವನ್ನು ತಾವೇ ಗುಡಿಸುತ್ತಿದ್ದರು. ಅಂಗಡಿಯ ಗಾಜಿನಿಂದ ಒಂದು ಮೀಟರು ಬಿಟ್ಟು ಪೊಲೀಸರು ಕಟ್ಟಿದ ಹಗ್ಗವನ್ನು ಒಬ್ಬರೂ ದಾಟುತ್ತಿರಲಿಲ್ಲ. ಅವರ ಮುಂದಾಳು ಐವತ್ತೈದರ ಹೆಂಗಸು, ಎಲ್ಲರೂ ದೊಡ್ಡಕ್ಕ ಅನ್ನುತ್ತಿದ್ದರು. ಸಂಜೆ ಹೊರಡುವ ಮೊದಲು ಅಂಗಡಿಯ ಬಾಗಿಲಲ್ಲಿ ನಿಂತು ಅವಳು ಕೇಳುತ್ತಿದ್ದಳು: "ಇವತ್ತು ಜಾಸ್ತಿ ಆಯ್ತಾ ಅಣ್ಣ?" ಹೌದು ಅಂದರೂ ನಾಳೆ ಅಷ್ಟೇ, ಇಲ್ಲ ಅಂದರೂ ನಾಳೆ ಅಷ್ಟೇ. ಹಾಗಿರುವಾಗ ಯಾಕೆ ಕೇಳಬೇಕು ಎಂದು ಅವನು ಹಲ್ಲು ಕಚ್ಚುತ್ತಿದ್ದ.

ಮೊದಲ ವಾರ ಕಿವಿ ಪರೀಕ್ಷೆಯ ಕೋಣೆಯೊಳಗೂ ತಟ್ಟೆಯ ಸದ್ದು ನುಗ್ಗುತ್ತಿತ್ತು. ಯಂತ್ರದ ಸಣ್ಣ ಸಿಳ್ಳೆ ಕೇಳಿದಾಗ ಗುಂಡಿ ಒತ್ತಿ ಅಂದರೆ, ವಯಸ್ಸಾದವರು ಚಮಚದ ಏಟಿಗೆಲ್ಲ ಗುಂಡಿ ಒತ್ತುತ್ತಿದ್ದರು. ಅವನು ಎರಡು ಭಾನುವಾರ ಹಾಳುಮಾಡಿಕೊಂಡು ಕೋಣೆಗೆ ಇನ್ನೊಂದು ಬಾಗಿಲು ಕೂರಿಸಿದ. ಗೋಡೆಗೆ ಇನ್ನೊಂದು ಪದರ ಸ್ಪಂಜು ಹೊಡೆದ. ಸಂದಿಗೊಂದಿಗೆಲ್ಲ ರಬ್ಬರು ತುಂಬಿದ. ಆಮೇಲೆ ಒಳಗೆ ಕೂತು ಬಾಗಿಲು ಹಾಕಿದರೆ ತನ್ನ ಉಸಿರು ತನಗೇ ಕೇಳಿಸುವಷ್ಟು ನಿಶ್ಶಬ್ದ. ಬಾಗಿಲ ಮೇಲೆ ಕೆಂಪು ದೀಪ ಉರಿಯುತ್ತಿದ್ದಾಗ ಯಾರೂ ತಟ್ಟಕೂಡದು ಎಂದು ನಾದಿನಿಗೆ ಹೇಳಿಟ್ಟಿದ್ದ. ಅವನ ಹೆಂಡತಿಯ ತಂಗಿಯಾದ ಅವಳೇ ಅಂಗಡಿಯ ಏಕೈಕ ಸಹಾಯಕಿ. ಕೋಣೆ ಬಗೆಹರಿಯಿತು. ಆದರೆ ಕೋಣೆಯಿಂದ ಹೊರಬಂದವರು ಬೀದಿಗೆ ಇಳಿಯಲೇಬೇಕಲ್ಲ.

ಮುದುಕಿ ಮಷೀನು ವಾಪಸ್ ಕೊಟ್ಟ ದಿನವೇ ಅವನು ಪೊಲೀಸ್ ಠಾಣೆಗೆ ಹೋದ. ಅದು ಐದನೇ ಸಲ. ಇನ್‌ಸ್ಪೆಕ್ಟರು ಬೈಯುವವರಲ್ಲ, ಗದರುವವರಲ್ಲ, ತಾಳ್ಮೆಯ ಮನುಷ್ಯ. ಕೋರ್ಟಿನ ಆದೇಶವನ್ನು ಪ್ಲಾಸ್ಟಿಕ್ ಕವರಿನಲ್ಲಿಟ್ಟುಕೊಂಡು ಓಡಾಡುತ್ತಿದ್ದರು. ಅಂಗಡಿಯವರು ಬಂದರೆ ಅದನ್ನೇ ತೋರಿಸುತ್ತಿದ್ದರು, ಧರಣಿಯವರು ಬಂದರೂ ಅದನ್ನೇ ತೋರಿಸುತ್ತಿದ್ದರು.

"ನೋಡಿ ಡಾಕ್ಟ್ರೇ, ಅವರ ಬಾಯಿ ಮುಚ್ಸೋ ಅಧಿಕಾರ ನನಗಿಲ್ಲ. ನಿಮ್ಮ ಬಾಗಿಲು ಮುಚ್ಸೋ ಅಧಿಕಾರ ಅವರಿಗಿಲ್ಲ. ಎರಡನ್ನೂ ಕಾಯೋದು ನನ್ನ ಕೆಲಸ. ಬೇಕಾದ್ರೆ ನಾಳೆಯಿಂದ ನಿಮ್ಮ ಅಂಗಡಿಗೆ ಇಬ್ಬರು ಕಾನ್‌ಸ್ಟೇಬಲ್‌ಗಳನ್ನ ಹಾಕ್ತೀನಿ."

ಹಾಕಿದರು. ಬಾಗಿಲಿನ ಆಚೆಗೊಬ್ಬ, ಈಚೆಗೊಬ್ಬ, ಲಾಠಿ ತೊಡೆಯ ಮೇಲಿಟ್ಟುಕೊಂಡು ಪ್ಲಾಸ್ಟಿಕ್ ಕುರ್ಚಿಯಲ್ಲಿ ಕೂತರು. ಅಲ್ಲಿಯವರೆಗೆ ಗಲಾಟೆಗೆ ಹೆದರಿ ಕೆಲವರು ಬರುತ್ತಿರಲಿಲ್ಲ. ಈಗ ಅಂಗಡಿಯ ಮೇಲೇ ಏನೋ ಕೇಸಾಗಿದೆ ಎಂದುಕೊಂಡು ಉಳಿದವರೂ ಆಚೆ ಬದಿಗೆ ದಾಟಿ ಹೋದರು. ಫೋನು ಮಾಡಿದ ಒಬ್ಬರಂತೂ, ನೀವು ಆಚೆ ಬಂದ ಮೇಲೆ ತಿಳಿಸಿ ಡಾಕ್ಟ್ರೇ ಎಂದು ಮರುಕದಿಂದ ಹೇಳಿದರು. ಎಲ್ಲಿಂದ ಆಚೆ ಎಂದು ಕೇಳುವಷ್ಟು ಚೈತನ್ಯ ಅವನಲ್ಲಿ ಉಳಿದಿರಲಿಲ್ಲ.

ಮನೆಯಲ್ಲಿ ಹೆಂಡತಿ, ಅವರ ಜೊತೆ ಒಂದು ಸಲ ಕೂತು ಮಾತಾಡಬಾರದಾ ಅಂದಳು. ಮೈಕು ಹಚ್ಚುವ ಹೊತ್ತನ್ನಾದರೂ ಮೊದಲೇ ಹೇಳಿದರೆ ಗಿರಾಕಿಗಳನ್ನು ಬೇರೆ ಹೊತ್ತಿಗೆ ಕರೆಯಬಹುದಲ್ಲ ಎಂದಳು. ಅವನು ಊಟ ಮುಗಿಸಿ ಕೈತೊಳೆಯಲು ಎದ್ದ. ಇಪ್ಪತ್ತೆರಡು ವರ್ಷ ಊರವರ ಕಿವಿ ಸರಿಮಾಡಿದ್ದ. ತನ್ನ ಮಾತು ಒಬ್ಬರ ಕಿವಿಗೂ ಹೋಗುತ್ತಿಲ್ಲ ಅನ್ನುವುದು ಅವನನ್ನು ಒಳಗೊಳಗೇ ತಿನ್ನುತ್ತಿತ್ತು. ಇನ್‌ಸ್ಪೆಕ್ಟರು ನಯವಾಗಿ ಕೇಳುತ್ತಿದ್ದರು, ದೊಡ್ಡಕ್ಕ ನಯವಾಗಿ ಕೇಳುತ್ತಿದ್ದಳು, ಹೆಂಡತಿ ನಯವಾಗಿ ಹೇಳುತ್ತಿದ್ದಳು. ಆ ನಯವೇ ಅವನಿಗೆ ಸಾಕಾಗಿಹೋಗಿತ್ತು.

ಐದನೇ ಸಲ ಠಾಣೆಗೆ ಹೋದಾಗ ಅವನು ಆದೇಶದ ಒಂದು ನಕಲು ಕೇಳಿ ತಂದಿದ್ದ. ಅದನ್ನು ಎರಡು ದಿನ ಓದಿದ. ಮೊದಲ ಆರು ಷರತ್ತು ಅವನಿಗೆ ಬಾಯಿಪಾಠವಾಗಿದ್ದವು. ಹೊತ್ತು, ಹಗ್ಗ, ಮೈಕಿನ ಮಿತಿ. ಏಳನೆಯದನ್ನು ಅವನು ಅಲ್ಲಿಯವರೆಗೆ ಗಮನವಿಟ್ಟು ಓದಿರಲಿಲ್ಲ. ಧರಣಿಯ ಹೊತ್ತಿನಲ್ಲಿ ಅಕ್ಕಪಕ್ಕದ ಯಾವುದೇ ಅಂಗಡಿ ಅಥವಾ ಕಟ್ಟಡಕ್ಕೆ ಹಾನಿಯಾದರೆ ಅನುಮತಿ ಆ ಕ್ಷಣದಿಂದಲೇ ರದ್ದು. ಜಾಗ ಖಾಲಿ ಮಾಡಿಸುವ ಹೊಣೆ ಪೊಲೀಸರದು. ಅವನು ಕನ್ನಡಕ ತೆಗೆದು ಒರೆಸಿಕೊಂಡು ಇನ್ನೊಮ್ಮೆ ಓದಿದ. ಯಾರು ಹಾನಿ ಮಾಡಿದರು ಅನ್ನುವುದನ್ನು ಸಾಬೀತು ಮಾಡಬೇಕೆಂದು ಅಲ್ಲಿ ಬರೆದಿರಲಿಲ್ಲ. ಹಾನಿಯಾದರೆ ಸಾಕಿತ್ತು.

ಒಂದು ಕಲ್ಲು, ಒಂದು ಗಾಜು. ಇಷ್ಟು ಸಣ್ಣ ವಿಷಯ ಮೂವತ್ತು ದಿನ ತಲೆಗೆ ಹೊಳೆಯದೇ ಇದ್ದುದಕ್ಕೆ ಅವನಿಗೆ ನಾಚಿಕೆಯಾಯಿತು.

ಇದರಿಂದ ಯಾರಿಗೆ ನಷ್ಟ ಎಂದು ಅವನು ತನ್ನನ್ನೇ ಕೇಳಿಕೊಂಡ. ಗಾಜು ತನ್ನದೇ. ಅರವತ್ತನಾಲ್ಕು ಜನರಲ್ಲಿ ಕಲ್ಲು ಎಸೆದವರು ಯಾರೆಂದು ಯಾರೂ ಹೇಳಲಾರರು, ಆದ್ದರಿಂದ ಯಾರೂ ಜೈಲಿಗೆ ಹೋಗುವುದಿಲ್ಲ. ಅವರು ಬೇರೆ ಯಾವುದಾದರೂ ಮೈದಾನದಲ್ಲಿ ಕೂತು ಬೇಕಾದಷ್ಟು ತಟ್ಟೆ ಬಡಿದುಕೊಳ್ಳಲಿ. ಅವರ ಹಕ್ಕಿಗೆ ನಾನು ಅಡ್ಡ ಬರುತ್ತಿಲ್ಲ, ಅದನ್ನು ಸ್ವಲ್ಪ ಸರಿಸುತ್ತಿದ್ದೇನೆ ಅಷ್ಟೆ. ಹೀಗೆ ಯೋಚಿಸಿದಾಗ ಮನಸ್ಸಿಗೆ ಬಹಳ ದಿನದ ಮೇಲೆ ಹಗುರವೆನಿಸಿತು.

ಕಲ್ಲನ್ನು ಎಸೆಯುವುದು ಮೂರ್ಖರ ಕೆಲಸ. ಎಸೆಯುವ ಕೈಯನ್ನು ಯಾರಾದರೂ ನೋಡಿಯೇ ನೋಡುತ್ತಾರೆ. ಬೇರೆಯವರಿಂದ ಎಸೆಸಿದರೆ ಅವರ ಬಾಯಿಯನ್ನು ಜೀವನವಿಡೀ ಕಾಯಬೇಕು. ಅವನಿಗೆ ತನ್ನ ಕೈಗಳ ಮೇಲೆ ನಂಬಿಕೆಯಿತ್ತು. ಅಕ್ಕಿಕಾಳಿನಷ್ಟು ಸ್ಪೀಕರನ್ನು ಚಿಮಟದಲ್ಲಿ ಹಿಡಿದು ಬೆಸುಗೆ ಹಾಕುವ ಕೈಗಳು ಅವು. ಅಂಗಡಿಯ ಮುಂದಿನದು ಟಫನ್ಡ್ ಗಾಜು. ನಡುವೆ ಗುದ್ದಿದರೆ ಜಗ್ಗುವುದಿಲ್ಲ. ಅಂಚಿನ ಮೂಲೆಗೆ ಮೊನೆಯಾದದ್ದೊಂದು ಸರಿಯಾಗಿ ಕುಟುಕಿದರೆ ಇಡೀ ಗಾಜು ಒಂದೇ ಸಲಕ್ಕೆ ಕಲ್ಲುಸಕ್ಕರೆಯ ಹಾಗೆ ಉದುರಿಬೀಳುತ್ತದೆ. ಒಳಗೂ ಬೀಳುತ್ತದೆ, ಹೊರಗೂ ಬೀಳುತ್ತದೆ. ಏಟು ಯಾವ ಕಡೆಯಿಂದ ಬಿತ್ತು ಎಂದು ಆ ರಾಶಿಯನ್ನು ನೋಡಿ ಹೇಳುವುದು ಕಷ್ಟ. ಗಾಜು ಕೂರಿಸಿದವನೇ ಹಿಂದೊಮ್ಮೆ ಇದನ್ನು ಹೇಳಿ, ಮೂಲೆಯ ಕಡೆ ಜೋಪಾನ ಎಂದು ಎಚ್ಚರಿಸಿದ್ದ.

ಹಳೆಯ ಅಲಾರಾಂ ಗಡಿಯಾರವೊಂದರಿಂದ ಕೆಲಸ ಶುರುವಾಯಿತು. ಹೊತ್ತು ಬಂದಾಗ ಗಂಟೆ ಹೊಡೆಯುವ ಬದಲು ಅದು ಒಂದು ಸಣ್ಣ ಕೊಂಡಿಯನ್ನು ಎಳೆಯಬೇಕು. ಕೊಂಡಿ ಬಿಚ್ಚಿದರೆ ಬಿಗಿಹಿಡಿದ ಸ್ಪ್ರಿಂಗು ಉಕ್ಕಿನ ಮೊನೆಯನ್ನು ಗಾಜಿಗೆ ತಾಗಿಸಬೇಕು. ಮೂರು ಮಧ್ಯಾಹ್ನ ಬೇಕಾದವು. ಹೊರಗೆ ಘೋಷಣೆ ಮೊಳಗುತ್ತಿದ್ದಾಗ ಅವನು ಒಳಗೆ ಭೂತಗನ್ನಡಿಯ ಕೆಳಗೆ ಹಲ್ಲುಚಕ್ರ ಉಜ್ಜುತ್ತಿದ್ದ. ಗಿರಾಕಿಗಳಿಲ್ಲದ್ದು ಮೊದಲ ಸಲ ಅನುಕೂಲವಾಯಿತು. ಮುಗಿದಾಗ ಅದು ಸೋಪಿನ ಡಬ್ಬಿಗಿಂತ ದೊಡ್ಡದಾಗಿರಲಿಲ್ಲ. ಪ್ರದರ್ಶನದ ಕಟ್ಟೆಯ ಹಲಗೆಯ ಹಿಂದೆ, ಗಾಜಿನ ಎಡಮೂಲೆಯಲ್ಲಿ ಅದಕ್ಕೆಂದೇ ಮಾಡಿದಂಥ ಸಂದಿಯಿತ್ತು. ಭಾನುವಾರ ಹಿಂದಿನ ಕೋಣೆಯಲ್ಲಿ ಹಳೆಯ ಕಪಾಟಿನ ಅಂಥದೇ ಗಾಜೊಂದಕ್ಕೆ ಕಟ್ಟಿ ಪರೀಕ್ಷೆ ಮಾಡಿದ. ಹೇಳಿದ ನಿಮಿಷಕ್ಕೆ ಟಿಕ್ ಅಂದಿತು. ಗಾಜು ಉಸಿರುಬಿಟ್ಟ ಹಾಗೆ ನೆಲಕ್ಕಿಳಿಯಿತು. ಅವನು ಅದನ್ನು ಗುಡಿಸುವುದನ್ನೂ ಮರೆತು ನೋಡುತ್ತ ನಿಂತ.

ಕಲ್ಲನ್ನು ಬೀದಿಯ ಕೊನೆಯಲ್ಲಿ ರಸ್ತೆ ರಿಪೇರಿಗೆಂದು ಸುರಿದಿದ್ದ ಜಲ್ಲಿ ರಾಶಿಯಿಂದ ತಂದ. ಕೈಗವಸು ಹಾಕಿಕೊಂಡೇ ಎತ್ತಿದ, ಆದರೆ ತೊಳೆಯಲಿಲ್ಲ. ಬೀದಿಯ ಕಲ್ಲಿನಲ್ಲಿ ಬೀದಿಯ ಧೂಳಿರಬೇಕು. ಆ ದಿನ ಬೆಳಗ್ಗೆಯೇ ಅದು ಕಟ್ಟೆಯ ಮೇಲೆ, ಹಾಸಿದ ಬಟ್ಟೆಯ ಮಡಿಕೆಯಲ್ಲಿ ಮಲಗಿರುತ್ತದೆ. ಗಾಜು ಬಿದ್ದ ಮೇಲೆ ಗಾಜಿನ ನಡುವೆ ಇರುತ್ತದೆ. ಅದು ಅಲ್ಲಿಗೆ ಬಂದದ್ದು ಯಾವಾಗ ಎಂದು ಕೇಳುವ ಅಗತ್ಯ ಯಾರಿಗೂ ಬೀಳುವುದಿಲ್ಲ.

ಹೊತ್ತು ಮಾತ್ರ ಹನ್ನೆರಡೇ ಆಗಬೇಕು. ಹನ್ನೆರಡಕ್ಕೆ ಎಲ್ಲರೂ ಎದ್ದು ನಿಲ್ಲುತ್ತಾರೆ, ಕೈಗಳೆಲ್ಲ ಮೇಲೇಳುತ್ತವೆ, ಹಿಂದೆ ಮುಂದೆ ಸರಿದಾಡುತ್ತಾರೆ. ಕಾನ್‌ಸ್ಟೇಬಲ್‌ಗಳು ಎದ್ದು ಹಗ್ಗದ ಕಡೆ ಹೋಗುತ್ತಾರೆ. ಆ ಐದು ನಿಮಿಷದಲ್ಲಿ ಪಕ್ಕದವನು ಏನು ಮಾಡಿದ ಎಂದು ಪಕ್ಕದವನಿಗೂ ಗೊತ್ತಾಗುವುದಿಲ್ಲ. ಅವನು ಹನ್ನೊಂದು ದಿನ ಗಡಿಯಾರ ಹಿಡಿದು ನೋಡಿದ. ಒಂದು ದಿನವೂ ಅವರು ಅರ್ಧ ನಿಮಿಷ ತಪ್ಪಲಿಲ್ಲ. ಇಷ್ಟು ಶಿಸ್ತಿನ ಜನರನ್ನು ಕೆಲಸದಿಂದ ತೆಗೆದ ಕಚೇರಿ ಎಂಥ ಕಚೇರಿ ಎಂದು ಆ ಹೊತ್ತಿನಲ್ಲಿ ಅನಿಸಿದ್ದೂ ಉಂಟು.

ಮೂವತ್ತೊಂಬತ್ತನೇ ದಿನ ಒಂದು ವಿಚಿತ್ರ ನಡೆಯಿತು. ದೊಡ್ಡಕ್ಕ ಬಂದು, ಒಂದು ವರ್ಷದಿಂದ ಕಿವಿಯಲ್ಲಿ ಗುಂಯ್ ಅನ್ನುತ್ತದೆ, ನೋಡುತ್ತೀರಾ ಎಂದು ಕೇಳಿದಳು. ಆಗಲ್ಲ ಅನ್ನಲು ನೆಪ ಸಿಗಲಿಲ್ಲ. ಕೋಣೆಯಲ್ಲಿ ಕೂರಿಸಿ ಪರೀಕ್ಷೆ ಮಾಡಿದ. ಇಪ್ಪತ್ತು ವರ್ಷ ಪಂಪ್‌ಹೌಸುಗಳ ಒಳಗೆ ಹೋಗಿ ಮೀಟರು ಓದಿದ್ದರ ಫಲ, ಎರಡೂ ಕಿವಿಯ ಕೇಳುವ ಶಕ್ತಿ ಅರ್ಧಕ್ಕರ್ಧ ಹೋಗಿತ್ತು. ಅವನು ನಕ್ಷೆ ತೋರಿಸಿ ವಿವರಿಸಿದ. ಅವಳು ಅದರ ಗೆರೆಯ ಮೇಲೆ ಬೆರಳಾಡಿಸಿದಳು.

"ಹಾಗಾದ್ರೆ ನನಗೆ ಸರಿಯಾಗಿ ಕೇಳೋ ಅಷ್ಟು ಜೋರು, ನಿಮಗೆಲ್ಲ ತಲೆ ಸಿಡಿಯೋ ಅಷ್ಟು ಇರುತ್ತಾ ಅಣ್ಣ?"

"ಇರುತ್ತೆ."

"ನಮ್ಮೋರು ಮೈಕ್ ಕಮ್ಮಿ ಮಾಡೋಣ ಅಂದಾಗ್ಲೆಲ್ಲ ನಾನೇ ಏರಿಸು ಅಂತಿದ್ದೆ. ಮೊದಲೇ ಹೇಳೋದಲ್ವಾ ನೀವು."

ಮರುದಿನದಿಂದ ಮೈಕು ಅರ್ಧಕ್ಕಿಳಿಯಿತು. ತಟ್ಟೆ ಬಡಿಯುವುದೊಂದು ಉಳಿಯಿತು, ಅದೂ ಎಂದಿನಂತೆ ಹನ್ನೆರಡಕ್ಕೆ ಮಾತ್ರ. ನಾದಿನಿ, ಪರವಾಗಿಲ್ಲ ಭಾವ, ಈಗ ಫೋನಲ್ಲಿ ಮಾತಾಡಬಹುದು ಅಂದಳು. ಆ ವಾರ ಮೂವರು ಗಿರಾಕಿಗಳೂ ಬಂದರು. ಅವನು ಅದನ್ನೆಲ್ಲ ಕಂಡ. ಆದರೆ ಹಲಗೆಯ ಹಿಂದಿನ ಸಂದಿಯಲ್ಲಿ ಆ ಡಬ್ಬಿ ಅಷ್ಟು ಚೆನ್ನಾಗಿ ಕೂರುತ್ತಿತ್ತು. ಇಷ್ಟು ಚೊಕ್ಕವಾದ ಕೆಲಸವನ್ನು ಬಳಸದೆ ಬಿಚ್ಚಿಹಾಕುವುದು ಅವನಿಂದಾಗಲಿಲ್ಲ. ಮೈಕಿಳಿಸಿದ್ದು ಉಪಕಾರವಲ್ಲ, ಮೂವತ್ತೊಂಬತ್ತು ದಿನ ತಡವಾಗಿ ಬಂದ ನ್ಯಾಯ ಎಂದು ಹೇಳಿಕೊಂಡ. ನಾಳೆ ಮತ್ತೆ ಏರಿಸುವುದಿಲ್ಲ ಅನ್ನುವುದಕ್ಕೆ ಏನು ಖಾತರಿ ಎಂದೂ ಹೇಳಿಕೊಂಡ.

ಸಾಕ್ಷಿಯನ್ನು ಆರಿಸುವುದರಲ್ಲಿ ಅವನು ಯಾವ ಆತುರವನ್ನೂ ಮಾಡಲಿಲ್ಲ. ಅವನ ಗಿರಾಕಿಗಳಲ್ಲಿ ಒಬ್ಬರು ನಿವೃತ್ತ ಜಡ್ಜ್ ಸಾಹೇಬರು. ಕಿವಿ ಮಂದ, ಮಾತು ಕಡಿಮೆ, ಹೇಳಿದ ಹೊತ್ತಿಗೆ ಸರಿಯಾಗಿ ಬರುವವರು. ಎರಡು ಕಿವಿಯ ಪೂರ್ತಿ ಪರೀಕ್ಷೆ ಮಾಡಿ ಹೊಸ ಮಷೀನು ಹೊಂದಿಸಲು ಮುಕ್ಕಾಲು ಗಂಟೆ ಬೇಕು. ಗುರುವಾರ ಹನ್ನೊಂದೂವರೆಗೆ ಬನ್ನಿ ಎಂದು ಅವರಿಗೆ ಹೇಳಿದ. ಗಾಜು ಒಡೆದ ಹೊತ್ತಿನಲ್ಲಿ ನೀವೆಲ್ಲಿದ್ದಿರಿ ಎಂದು ಯಾರಾದರೂ ಕೇಳಿದರೆ, ಜಡ್ಜ್ ಸಾಹೇಬರ ಮೊಣಕಾಲಿಗೆ ನನ್ನ ಮೊಣಕಾಲು ತಾಗುತ್ತಿತ್ತು ಎಂದು ಹೇಳಬಹುದು. ಅದು ನಿಜವೂ ಆಗಿರುತ್ತದೆ.

ಗುರುವಾರ ನಲವತ್ತನಾಲ್ಕನೇ ದಿನ. ಬೆಳಗ್ಗೆ ಒಂಬತ್ತಕ್ಕೆ ಬಂದು ಡಬ್ಬಿಯನ್ನು ಸಂದಿಯಲ್ಲಿ ಕೂರಿಸಿದ, ಕಲ್ಲನ್ನು ಬಟ್ಟೆಯ ಮಡಿಕೆಯಲ್ಲಿಟ್ಟ. ಗಾಜಿನ ಬಳಿ ಇದ್ದ ಬೆಂಚನ್ನು ಗುಡಿಸುವ ನೆಪದಲ್ಲಿ ಹಿಂದಕ್ಕೆ ಎಳೆದು ಅಲ್ಲೇ ಬಿಟ್ಟ. ಹೊರಗಿನವರ ಬಗ್ಗೆ ಚಿಂತೆಯಿರಲಿಲ್ಲ. ಗಾಜಿಗೂ ಅವರಿಗೂ ನಡುವೆ ಪೊಲೀಸರೇ ಕಟ್ಟಿದ ಹಗ್ಗ, ಒಂದು ಮೀಟರು ಜಾಗ. ನಾದಿನಿಗೆ ಹಿಂದಿನ ಕೋಣೆಯಲ್ಲಿ ಮಷೀನಿಗೆ ಕೂರಿಸುವ ಆರು ಕಿವಿ ಅಚ್ಚುಗಳನ್ನು ಉಜ್ಜಿ ಮುಗಿಸುವ ಕೆಲಸ ಕೊಟ್ಟ, ಮಧ್ಯಾಹ್ನದೊಳಗೆ ಆಗಲೇಬೇಕೆಂದ. ಯಾರ ಮೈಗೂ ಒಂದು ಚೂರು ತಾಗಬಾರದು. ತಾನು ಕೆಟ್ಟವನಲ್ಲ ಎಂಬುದಕ್ಕೆ ಅವನ ಲೆಕ್ಕದಲ್ಲಿ ಇದಕ್ಕಿಂತ ದೊಡ್ಡ ಪುರಾವೆ ಬೇಕಿರಲಿಲ್ಲ.

ಹತ್ತಕ್ಕೆ ಅವರು ಬಂದರು, ಕೂತರು. ದೊಡ್ಡಕ್ಕ ಎಂದಿನಂತೆ ಕೈಯೆತ್ತಿದಳು. ಅವನೂ ಕೈಯೆತ್ತಿದ. ಹನ್ನೊಂದೂವರೆಗೆ ಜಡ್ಜ್ ಸಾಹೇಬರು ಬಂದರು. ಅವರನ್ನು ಒಳಗೆ ಕರೆದುಕೊಂಡು ಹೋಗಿ, ಎರಡೂ ಬಾಗಿಲು ಹಾಕಿ, ಕೆಂಪು ದೀಪ ಹಚ್ಚಿದ.

ಬಲಗಿವಿ ಮುಗಿಯಿತು, ಎಡಗಿವಿ ಶುರುವಾಯಿತು. ಸಾಹೇಬರು ಕಣ್ಣು ಮುಚ್ಚಿಕೊಂಡು, ತೀರ್ಪು ಕೊಡುವವರ ಹಾಗೆ ಯೋಚಿಸಿ ಯೋಚಿಸಿ ಗುಂಡಿ ಒತ್ತುತ್ತಿದ್ದರು. ಅವನ ಕಣ್ಣು ಕೈಗಡಿಯಾರದ ಮೇಲಿತ್ತು. ಹನ್ನೊಂದು ಐವತ್ತೆಂಟು. ಐವತ್ತೊಂಬತ್ತು. ಸೆಕೆಂಡಿನ ಮುಳ್ಳು ಸುತ್ತಿ ಬಂದು ಹನ್ನೆರಡನ್ನು ದಾಟಿತು. ಒಳಗೆ ಏನೂ ಆಗಲಿಲ್ಲ. ಸದ್ದಿಲ್ಲ, ಅದುರಿಲ್ಲ, ಸಾಹೇಬರ ರೆಪ್ಪೆ ಕೂಡ ಅಲುಗಲಿಲ್ಲ. ತಾನೇ ಕಟ್ಟಿದ ಕೋಣೆ ಎಷ್ಟು ಗಟ್ಟಿಯಾಗಿದೆ ಎಂದು ಅವನಿಗೆ ಹೆಮ್ಮೆಯಾಯಿತು. ಹೊಸ ಮಷೀನು ಹಾಕಿ, ಜೋರು ಹೊಂದಿಸಿ, ನಾಲ್ಕು ಮಾತಾಡಿಸಿ ನೋಡಿ, ಹನ್ನೆರಡೂಕಾಲಿಗೆ ದೀಪ ಆರಿಸಿ ಬಾಗಿಲು ತೆಗೆದ.

ಮುಂದಿನ ಕೋಣೆಯಲ್ಲಿ ಗಾಜು ಇರಲಿಲ್ಲ. ಪೊಲೀಸರು ಹೊರಗಿನ ಶಟರನ್ನು ಕೆಳಗೆಳೆದಿದ್ದರಿಂದ ಟ್ಯೂಬ್‌ಲೈಟಿನ ಬೆಳಕಷ್ಟೇ ಇತ್ತು. ನೆಲದ ತುಂಬ ಕಾಳು ಕಾಳಾಗಿ ಗಾಜು ಹೊಳೆಯುತ್ತಿತ್ತು, ಕಟ್ಟೆಯ ಮೇಲಿನ ಗಾಜಿನ ನಡುವೆ ಕಲ್ಲು. ಇನ್‌ಸ್ಪೆಕ್ಟರು ಟೋಪಿಯನ್ನು ಕಂಕುಳಲ್ಲಿಟ್ಟುಕೊಂಡು ನಿಂತಿದ್ದರು. ಅವರ ಭುಜದ ಮೇಲೂ ಒಂದೆರಡು ಗಾಜಿನ ಕಾಳು ಕಾಣಿಸಿದವು. ನಾದಿನಿ ಗೋಡೆಗೆ ಆತುಕೊಂಡಿದ್ದಳು. ಬೀದಿಯಿಂದ ಒಂದು ಪಿಸುಮಾತೂ ಇಲ್ಲ. ಮೈಕಿಲ್ಲ, ತಟ್ಟೆಯಿಲ್ಲ. ಆಗಲೇ ಎಬ್ಬಿಸಿ ಕಳಿಸಿದ್ದಾರೆ! ಏಳನೇ ಷರತ್ತು ಹದಿನೈದೇ ನಿಮಿಷದಲ್ಲಿ ಕೆಲಸ ಮಾಡಿತ್ತು. ಖುಷಿ ಗಂಟಲಿಗೆ ಬಂದುದನ್ನು ಅವನು ನುಂಗಿಕೊಂಡ. ಕನ್ನಡಿಯ ಮುಂದೆ ಮೂರು ದಿನ ಅಭ್ಯಾಸ ಮಾಡಿದ್ದ ಮುಖವನ್ನು ಹಾಕಿಕೊಂಡು, ತಲೆಯ ಮೇಲೆ ಕೈಯಿಟ್ಟು ಬೆಂಚಿನ ಮೇಲೆ ಕುಸಿದ.

"ಭಾವ, ಅವರು ಆಗ್ಲೇ..." ಎಂದು ನಾದಿನಿ ಶುರುಮಾಡಿದಳು.

"ನೀನು ಸುಮ್ನಿರಮ್ಮ," ಅಂದ ಅವನು. ಹೆದರಿದ ಹೆಣ್ಣುಮಗಳು ಏನಾದರೊಂದು ಹೇಳಿ ಗೊಂದಲ ಮಾಡುವುದು ಅವನಿಗೆ ಬೇಕಿರಲಿಲ್ಲ. "ನಾನು ಐದು ಸಲ ಬಂದು ಹೇಳಿದ್ದೆ ಸಾರ್. ಒಂದಿನ ಹೀಗಾಗುತ್ತೆ ಅಂತ ಹೇಳಿದ್ನಾ ಇಲ್ವಾ?"

ಇನ್‌ಸ್ಪೆಕ್ಟರು ಹೌದೆಂದು ತಲೆಯಾಡಿಸಿದರು. ಯಾರಿಗೂ ಪೆಟ್ಟಾಗಿಲ್ಲ ಎಂದರು. ಅವನು ಪೊರಕೆ ತೆಗೆದುಕೊಂಡು ಎಡಮೂಲೆಯ ಕಡೆ ಹೋದಾಗ, ಇರಲಿ ಡಾಕ್ಟ್ರೇ, ಸದ್ಯಕ್ಕೆ ಏನೂ ಮುಟ್ಟೋದು ಬೇಡ ಎಂದು ಮೆಲ್ಲಗೆ ತಡೆದರು. ಕೊನೆಗೂ ಇವರು ತಮ್ಮ ಕೆಲಸವನ್ನು ಸರಿಯಾಗಿ ಮಾಡುತ್ತಿದ್ದಾರೆ ಎಂದು ಅವನಿಗೆ ಮೆಚ್ಚುಗೆಯಾಯಿತು. ಡಬ್ಬಿ ಎಲ್ಲಿ ಹೋಗುತ್ತದೆ, ಸಂಜೆ ತೆಗೆದರಾಯಿತು.

ದೂರು ಬರೆದುಕೊಡುತ್ತೀರಾ ಎಂದು ಅವರು ಕೇಳಿದರು. ಅವನು ಮೇಜಿಗೆ ಕೂತು, ಮನಸ್ಸಿನಲ್ಲಿ ಎಷ್ಟೋ ಸಲ ತಿದ್ದಿ ಇಟ್ಟಿದ್ದ ಸಾಲುಗಳನ್ನು ದುಂಡಗಿನ ಅಕ್ಷರದಲ್ಲಿ ಬರೆದ. ಈ ದಿನ ಸರಿಯಾಗಿ ಮಧ್ಯಾಹ್ನ ಹನ್ನೆರಡು ಗಂಟೆಗೆ, ಧರಣಿ ಕೂತಿದ್ದವರು ಎಂದಿನಂತೆ ಎದ್ದು ನಿಂತು ತಟ್ಟೆ ಬಡಿಯುತ್ತ ಘೋಷಣೆ ಕೂಗುತ್ತಿದ್ದಾಗ, ಅವರ ಗುಂಪಿನಿಂದ ಬಂದ ಕಲ್ಲು ತಗುಲಿ ಅಂಗಡಿಯ ಗಾಜು ಪೂರ್ತಿ ಒಡೆದಿದೆ. ಆ ಹೊತ್ತಿನಲ್ಲಿ ನಾನು ಜಡ್ಜ್ ಸಾಹೇಬರ ಜೊತೆ ಒಳಗಿನ ಕೋಣೆಯಲ್ಲಿದ್ದೆ. ಯಾರ ಮೇಲೂ ನನಗೆ ವೈಯಕ್ತಿಕ ದ್ವೇಷವಿಲ್ಲ. ಕೊನೆಯ ಸಾಲು ಅವನಿಗೆ ತುಂಬ ಹಿಡಿಸಿತ್ತು. ಕೆಳಗೆ ಸಹಿ ಹಾಕಿದ. ಇನ್‌ಸ್ಪೆಕ್ಟರು ಅದನ್ನು ಎರಡು ಸಲ ಓದಿ, ಜಡ್ಜ್ ಸಾಹೇಬರಿಗೂ ಕೊಟ್ಟರು. ಸಾಹೇಬರು ಓದಿ ವಾಪಸ್ ಕೊಟ್ಟರು.

"ಅವರನ್ನ ಎಲ್ಲಿಗೆ ಕಳಿಸಿದ್ರಿ ಸಾರ್?" ಎಂದು ಅವನು ಕೇಳಿದ. ದನಿಯಲ್ಲಿ ಸ್ವಲ್ಪ ಅನುಕಂಪ ಬೆರೆಸಿದ್ದ.

ಇನ್‌ಸ್ಪೆಕ್ಟರು ಕಾಗದವನ್ನು ಪ್ಲಾಸ್ಟಿಕ್ ಕವರಿನಲ್ಲಿಟ್ಟುಕೊಂಡು, ಬಗ್ಗಿ ಶಟರನ್ನು ಮೇಲಕ್ಕೆ ತಳ್ಳಿದರು. ಬಿಸಿಲು ಒಳಗೆ ಬಂತು. ಫುಟ್‌ಪಾತು ಗುಡಿಸಿಟ್ಟ ಹಾಗೆ ಖಾಲಿಯಾಗಿತ್ತು, ಹಗ್ಗ ಸುತ್ತಿ ಕಂಬಕ್ಕೆ ನೇತುಹಾಕಿತ್ತು, ಇಬ್ಬರು ಕಾನ್‌ಸ್ಟೇಬಲ್‌ಗಳು ದೂರದಲ್ಲಿ ಕುರ್ಚಿಗಳನ್ನು ಜೀಪಿಗೆ ಏರಿಸುತ್ತಿದ್ದರು. "ನಾನು ಯಾರನ್ನೂ ಕಳಿಸಿಲ್ಲ ಡಾಕ್ಟ್ರೇ. ಹನ್ನೊಂದು ನಲವತ್ತಕ್ಕೆ ಆಫೀಸಿನವರು ಬಂದು, ಎಲ್ರನ್ನೂ ವಾಪಸ್ ಕೆಲಸಕ್ಕೆ ತಗೋತೀವಿ ಅಂತ ಪತ್ರ ಕೊಟ್ರು. ಹತ್ತೇ ನಿಮಿಷದಲ್ಲಿ ಗುಡಿಸಿ, ಎದ್ದು, ಮನೆಗೆ ಹೋದ್ರು. ದೊಡ್ಡಕ್ಕ ನಿಮಗೆ ಹೇಳಿ ಹೋಗೋಣ ಅಂತ ಬಂದ್ರು, ಒಳಗೆ ಕೆಂಪು ದೀಪ ಉರೀತಿತ್ತು. ನಾನೇ ಹೇಳ್ತೀನಿ ಬಿಡಿ ಅಂದೆ. ನೀವು ಹೊರಗೆ ಬರೋದನ್ನೇ ಕಾಯ್ತಾ, ಇಲ್ಲೇ, ನಿಮ್ಮ ಗಾಜಿಗೆ ಬೆನ್ನು ಕೊಟ್ಟು ನಿಂತಿದ್ದೆ. ಹನ್ನೆರಡು ಗಂಟೆಗೆ ಈ ಫುಟ್‌ಪಾತಿನ ಮೇಲೆ ಇದ್ದೋನು ನಾನೊಬ್ಬನೇ."